ರಾಡ್ ಸರ್ಲಿಂಗ್

ಸರ್ಲಿಂಗ್, ರಾಡ್: 1924-1975. ಅಮೆರಿಕದ ಟೆಲಿವಿಷನ್ ನಾಟಕಕಾರ, ಚಿತ್ರಕಥೆಗಾರ, ನಿರೂಪಕ. ಪೂರ್ಣ ಹೆಸರು ರಾಡ್‌ಮನ್ ಎಡ್ವರ್ಡ್ ಸರ್ಲಿಂಗ್. ಟೆಲಿವಿಷನ್ ಇನ್ನೂ ಎಳೆಯದಾಗಿದ್ದ 1950ರ ದಶಕದಲ್ಲಿ ಅದಕ್ಕೆಂದೇ ನಾಟಕ ಬರೆದು ಹೆಸರಾದ ಮೊದಲ ತಲೆಮಾರಿನವರಲ್ಲಿ ಒಬ್ಬ. 'ಪ್ಯಾಟರ್ನ್ಸ್' (1955), 'ರೆಕ್ವಿಯಮ್ ಫಾರ್ ಎ ಹೆವಿವೇಟ್' (1956) ಎಂಬ ಬಿಡಿ ನಾಟಕಗಳು, 1959ರಿಂದ 1964ರವರೆಗೆ ನಡೆದ 'ದಿ ಟ್ವೈಲೈಟ್ ಝೋನ್' ಸರಣಿ ಈತನ ಮುಖ್ಯ ಕೃತಿಗಳು. ಬರವಣಿಗೆಗಾಗಿ ಆರು ಎಮಿ ಪ್ರಶಸ್ತಿಗಳು ಬಂದಿವೆ. ಇಂದಿನ ವೀಕ್ಷಕರಿಗೆ ಈತ ಪರಿಚಿತನಾಗಿರುವುದು ಅನ್ಯಗ್ರಹ, ಕಾಲಯಾನ, ಮಾತನಾಡುವ ಗೊಂಬೆಗಳ ವಿಚಿತ್ರ ಕಥೆಗಾರನಾಗಿ. ಆದರೆ ಸರ್ಲಿಂಗ್ ಮೂಲತಃ ತನ್ನ ಕಾಲದ ಕಚೇರಿ, ಬೀದಿ, ನ್ಯಾಯಾಲಯಗಳಲ್ಲಿ ಕಂಡದ್ದನ್ನು ಕಂಡಂತೆ ಹೇಳಲು ಹೊರಟ ವಾಸ್ತವವಾದಿ. ಹಾಗೆ ಹೇಳಲು ಬಿಡದಿದ್ದಾಗ ವಿಚಿತ್ರ ಕಥೆಯ ವೇಷ ತೊಟ್ಟ. ಈ ಬದಲಾವಣೆ ಹೇಗಾಯಿತು ಎಂಬುದೇ ಈತನ ವೃತ್ತಿಜೀವನದ ತಿರುಳು.

ಹುಟ್ಟಿದ್ದು 1924ರ ಡಿಸೆಂಬರ್ 25ರಂದು, ನ್ಯೂಯಾರ್ಕ್ ರಾಜ್ಯದ ಸಿರಕ್ಯೂಸ್‌ನ ಒಂದು ಯಹೂದಿ ಮನೆಯಲ್ಲಿ. ತಂದೆ ಸ್ಯಾಮ್ಯುಯೆಲ್, ತಾಯಿ ಎಸ್ತರ್. ಅಣ್ಣ ರಾಬರ್ಟ್ ಮುಂದೆ ವಿಮಾನಯಾನದ ಬಗ್ಗೆ ಬರೆಯುವ ಪತ್ರಕರ್ತನಾಗಿ, ಕಾದಂಬರಿಕಾರನಾಗಿ ಹೆಸರು ಮಾಡಿದ. ಬಾಲ್ಯ ಕಳೆದದ್ದು ಅದೇ ರಾಜ್ಯದ ಬಿಂಗಮ್ಟನ್ ಎಂಬ ಊರಿನಲ್ಲಿ. ಅಲ್ಲಿನ ಉದ್ಯಾನ, ವಾದ್ಯಗೋಷ್ಠಿಯ ಮಂಟಪ, ಮರದ ಕುದುರೆಗಳು ಸುತ್ತುವ ರಾಟವಾಳ ಈತನ ಬರವಣಿಗೆಯಲ್ಲಿ ಮತ್ತೆಮತ್ತೆ ಕಾಣಿಸಿಕೊಳ್ಳುತ್ತವೆ.

1943ರಲ್ಲಿ ಪ್ರೌಢಶಾಲೆ ಮುಗಿದದ್ದೇ ತಡ, ಸೈನ್ಯ ಸೇರಿದ. ಕುಳ್ಳ ದೇಹದವನಾದರೂ ಪಟ್ಟು ಹಿಡಿದು ಪ್ಯಾರಾಚೂಟ್ ಪಡೆಗೆ ಹೋದ. ತರಬೇತಿಯ ದಿನಗಳಲ್ಲಿ ಬಾಕ್ಸಿಂಗ್ ಕಣ ಈತನನ್ನು ಸೆಳೆಯಿತು; ಅಲ್ಲಿ ಮೂಗು ಮುರಿಸಿಕೊಂಡದ್ದೂ ಉಂಟು. 11ನೆಯ ಏರ್‌ಬೋರ್ನ್ ಡಿವಿಷನ್ನಿನ 511ನೆಯ ಪ್ಯಾರಾಚೂಟ್ ರೆಜಿಮೆಂಟಿನೊಂದಿಗೆ ಫಿಲಿಪ್ಪೀನ್ಸ್‌ನ ಲೇಟೆ ದ್ವೀಪದಲ್ಲಿ, ಅನಂತರ ಮನಿಲಾ ನಗರದ ಕದನದಲ್ಲಿ ಹೋರಾಡಿ ಗಾಯಗೊಂಡ. ಪರ್ಪಲ್ ಹಾರ್ಟ್ ಪದಕ ಪಡೆದ. ಲೇಟೆಯಲ್ಲಿ ವಿಮಾನದಿಂದ ಕೆಳಗೆ ಎಸೆದ ಆಹಾರದ ಪೆಟ್ಟಿಗೆ ಬಡಿದು ಜೊತೆಗಾರನೊಬ್ಬ ಈತನ ಕಣ್ಣೆದುರೇ ಸತ್ತ. ಹಸಿದವರಿಗೆಂದು ಬಂದ ಅನ್ನವೇ ಜೀವ ತೆಗೆದ ಈ ಘಟನೆಯ ವಿಪರ್ಯಾಸ ಸರ್ಲಿಂಗ್‌ನನ್ನು ಎಂದೂ ಬಿಡಲಿಲ್ಲ. ಸುಖದ ತುದಿಯಲ್ಲಿ ವಿಧಿ ತಿರುಗಿಬೀಳುವ ಈತನ ಕಥೆಗಳನ್ನು ಬರಿಯ ತಂತ್ರವೆಂದು ತಳ್ಳಿಹಾಕುವವರು ಇದನ್ನು ನೆನೆಯಬೇಕು. 1945ರಲ್ಲಿ ತಂದೆ ಹೃದಯಾಘಾತದಿಂದ ತೀರಿಕೊಂಡಾಗ ಅಂತ್ಯಕ್ರಿಯೆಗೆ ಹೋಗಲು ರಜೆ ಸಿಗಲಿಲ್ಲ. ಯುದ್ಧ ಮುಗಿದ ಮೇಲೂ ವರ್ಷಗಟ್ಟಲೆ ದುಃಸ್ವಪ್ನಗಳು ಕಾಡಿದವು. ಬರೆಯತೊಡಗಿದ್ದು ಮನಸ್ಸಿನ ಭಾರ ಇಳಿಸಿಕೊಳ್ಳಲು ಎಂದು ಸರ್ಲಿಂಗ್ ಮುಂದೆ ಹೇಳಿಕೊಂಡ.

ಮಾಜಿ ಸೈನಿಕರಿಗೆ ಸರ್ಕಾರ ಕೊಡುತ್ತಿದ್ದ ಶಿಕ್ಷಣ ನೆರವಿನಿಂದ ಓಹಾಯೋ ರಾಜ್ಯದ ಆಂಟಿಯಾಕ್ ಕಾಲೇಜು ಸೇರಿದ. ಮೊದಲು ಆರಿಸಿಕೊಂಡದ್ದು ದೈಹಿಕ ಶಿಕ್ಷಣ. ಬಲುಬೇಗ ಸಾಹಿತ್ಯದ ಕಡೆ ಹೊರಳಿ ಕಾಲೇಜಿನ ರೇಡಿಯೋ ನಾಟಕಗಳನ್ನು ಬರೆದು, ನಿರ್ದೇಶಿಸಿ, ಅಭಿನಯಿಸಿದ. ಸಹಪಾಠಿ ಕ್ಯಾರಲ್ ಕ್ರೇಮರ್‌ಳನ್ನು 1948ರಲ್ಲಿ ಮದುವೆಯಾದ. ಇಬ್ಬರು ಹೆಣ್ಣುಮಕ್ಕಳು. ಪದವಿ ಮುಗಿದ ಮೇಲೆ ಸಿನ್ಸಿನಾಟಿ ನಗರದ ರೇಡಿಯೋ ಕೇಂದ್ರದಲ್ಲಿ ಸಂಬಳದ ಬರಹಗಾರನಾದ. ಹಗಲು ಕೇಂದ್ರಕ್ಕೆ ಬೇಕಾದ ಜಾಹೀರಾತು, ಪ್ರಾಯೋಜಿತ ಕಾರ್ಯಕ್ರಮಗಳ ಬರವಣಿಗೆ. ಇರುಳು ಅಡಿಗೆಮನೆಯ ಮೇಜಿನ ಮೇಲೆ ತನ್ನ ಸ್ವಂತ ನಾಟಕ. ಬಂದ ತಿರಸ್ಕಾರ ಪತ್ರಗಳಿಗೆ ಲೆಕ್ಕವಿರಲಿಲ್ಲ. ಕೊನೆಗೆ ಕೆಲಸ ಬಿಟ್ಟು ಬರವಣಿಗೆಯನ್ನೇ ನೆಚ್ಚಿದ. 1954ರ ಹೊತ್ತಿಗೆ ಕುಟುಂಬ ನ್ಯೂಯಾರ್ಕ್ ನಗರಕ್ಕೆ ಹತ್ತಿರದ ಕನೆಕ್ಟಿಕಟ್ ರಾಜ್ಯಕ್ಕೆ ಬಂದು ನೆಲೆಸಿತು.

ಅಂದಿನ ಅಮೆರಿಕದ ಟೆಲಿವಿಷನ್ ನಾಟಕ ಎಂದರೆ ನೇರಪ್ರಸಾರ. ನ್ಯೂಯಾರ್ಕಿನ ಸ್ಟುಡಿಯೋದಲ್ಲಿ ಎರಡು ಮೂರು ಕ್ಯಾಮೆರಾಗಳ ಮುಂದೆ ನಟರು ಆಡುತ್ತಿದ್ದಂತೆಯೇ ದೇಶದ ಮನೆಗಳಲ್ಲಿ ಜನ ನೋಡುತ್ತಿದ್ದರು. ತಪ್ಪಿದರೆ ತಿದ್ದುವಂತಿಲ್ಲ, ಹೊರಾಂಗಣವಿಲ್ಲ, ದೃಶ್ಯದಿಂದ ದೃಶ್ಯಕ್ಕೆ ನಟ ಓಡಿಹೋಗಿ ಬಟ್ಟೆ ಬದಲಿಸಲು ಸಮಯ ಕೊಡುವಂತೆ ಲೇಖಕ ಮಾತು ಹೆಣೆಯಬೇಕು. ಇಕ್ಕಟ್ಟಿನ ಈ ಮಾಧ್ಯಮ ದೊಡ್ಡ ಗುಂಪು, ದೊಡ್ಡ ಭೂದೃಶ್ಯಗಳನ್ನು ತೋರಿಸಲಾರದು. ಆದರೆ ಒಂದು ಕೋಣೆ, ಇಬ್ಬರು ಮನುಷ್ಯರು, ಅವರ ನಡುವಿನ ಬಿಗುವು, ಇವಕ್ಕೆ ಹೇಳಿ ಮಾಡಿಸಿದಂತಿತ್ತು. ಪ್ಯಾಡಿ ಚಯೆಫ್ಸ್ಕಿ, ರೆಜಿನಾಲ್ಡ್ ರೋಸ್, ಹಾರ್ಟನ್ ಫೂಟ್ ಮೊದಲಾದವರು ಇದರಿಂದಲೇ ಬೆಳಕಿಗೆ ಬಂದರು. ಸಿನಿಮಾದಲ್ಲಿ ಲೇಖಕನ ಹೆಸರನ್ನು ಯಾರೂ ಕೇಳದಿದ್ದ ಕಾಲದಲ್ಲಿ ಟೆಲಿವಿಷನ್ ನಾಟಕವನ್ನು ಪತ್ರಿಕೆಗಳು ಬರೆದವನ ಹೆಸರಿನಿಂದಲೇ ವಿಮರ್ಶಿಸುತ್ತಿದ್ದವು. ಟೆಲಿವಿಷನ್ನಿನ ಇತಿಹಾಸದಲ್ಲಿ ಲೇಖಕನಿಗೆ ಇಷ್ಟು ಮನ್ನಣೆ ಸಿಕ್ಕ ಅವಧಿ ಅತಿ ಕಡಿಮೆ.

ಎಪ್ಪತ್ತಕ್ಕೂ ಹೆಚ್ಚು ನಾಟಕಗಳನ್ನು ಮಾರಿದ ಮೇಲೆ ಸರ್ಲಿಂಗ್‌ಗೆ ಗೆಲುವು ಒಂದೇ ರಾತ್ರಿಯಲ್ಲಿ ಬಂತು. 1955ರ ಜನವರಿ 12ರಂದು 'ಕ್ರಾಫ್ಟ್ ಟೆಲಿವಿಷನ್ ಥಿಯೇಟರ್' ಮಾಲೆಯಲ್ಲಿ 'ಪ್ಯಾಟರ್ನ್ಸ್' ಪ್ರಸಾರವಾಯಿತು. ದೊಡ್ಡ ಕಂಪನಿಯೊಂದಕ್ಕೆ ಹೊಸದಾಗಿ ಬಂದ ತರುಣ ಅಧಿಕಾರಿಗೆ, ತನ್ನನ್ನು ಕರೆಸಿರುವುದು ಪಕ್ಕದ ಕೋಣೆಯ ವೃದ್ಧ ಸಹೋದ್ಯೋಗಿಯ ಜಾಗಕ್ಕೆ ಎಂದು ಮೆಲ್ಲಗೆ ತಿಳಿಯುತ್ತದೆ. ಯಜಮಾನ ಆ ಮುದುಕನನ್ನು ಕೆಲಸದಿಂದ ತೆಗೆಯುವುದಿಲ್ಲ. ಸಭೆಯಿಂದ ಸಭೆಗೆ ಅವಮಾನಿಸಿ ತಾನಾಗಿ ಹೋಗುವಂತೆ ಮಾಡಲು ನೋಡುತ್ತಾನೆ. ಮುದುಕ ಕುಸಿದು ಸಾಯುತ್ತಾನೆ. ಸಿಟ್ಟಿನಿಂದ ಯಜಮಾನನ ಕೋಣೆಗೆ ನುಗ್ಗುವ ತರುಣ ರಾಜೀನಾಮೆ ಬಿಸಾಕಿ ಹೊರನಡೆಯುತ್ತಾನೆ ಎಂದು ನೋಡುವವರು ಕಾಯುತ್ತಾರೆ. ಅವನು ಹೋಗುವುದಿಲ್ಲ. ಯಜಮಾನನೊಂದಿಗೆ ಹೋರಾಡುತ್ತಲೇ ಇರುತ್ತೇನೆಂಬ ಷರತ್ತಿನ ಮೇಲೆ ಅದೇ ಕುರ್ಚಿಯನ್ನು ಒಪ್ಪಿಕೊಳ್ಳುತ್ತಾನೆ. ಅದು ಧೈರ್ಯವೋ ಶರಣಾಗತಿಯೋ ನಾಟಕ ಹೇಳುವುದಿಲ್ಲ. 'ನ್ಯೂಯಾರ್ಕ್ ಟೈಮ್ಸ್' ಪತ್ರಿಕೆಯ ವಿಮರ್ಶಕ ಜ್ಯಾಕ್ ಗೌಲ್ಡ್ ಮನಸಾರೆ ಹೊಗಳಿ, ನಾಟಕವನ್ನು ಮತ್ತೆ ತೋರಿಸಬೇಕೆಂದು ಬರೆದ. ಒಮ್ಮೆ ಆಡಿದ ನಾಟಕವನ್ನು ಮರೆತುಬಿಡುವುದೇ ರೂಢಿಯಾಗಿದ್ದಾಗ, ನಾಲ್ಕು ವಾರಗಳ ಅನಂತರ ಫೆಬ್ರವರಿ 9ರಂದು ಅದೇ ನಟರು ಮತ್ತೆ ಕೂಡಿ ಇಡೀ ನಾಟಕವನ್ನು ನೇರಪ್ರಸಾರದಲ್ಲಿ ಮತ್ತೊಮ್ಮೆ ಆಡಿದರು. ಸರ್ಲಿಂಗ್‌ಗೆ ಮೊದಲ ಎಮಿ ಬಂತು. ತಿರುವುಗಳಿಗಾಗಿ ಹೆಸರಾದ ಈ ಲೇಖಕನ ಅತ್ಯುತ್ತಮ ಮುಕ್ತಾಯ ಯಾವ ಅದ್ಭುತವೂ ಇಲ್ಲದ ಈ ಕಚೇರಿ ನಾಟಕದ್ದೇ ಎನ್ನಬಹುದು.

ಮರುವರ್ಷ, 1956ರ ಅಕ್ಟೋಬರ್ 11ರಂದು, 'ಪ್ಲೇಹೌಸ್ 90' ಮಾಲೆಯಲ್ಲಿ 'ರೆಕ್ವಿಯಮ್ ಫಾರ್ ಎ ಹೆವಿವೇಟ್' ಬಂತು. ನಿರ್ದೇಶಕ ರಾಲ್ಫ್ ನೆಲ್ಸನ್. ಇನ್ನು ಕಣಕ್ಕಿಳಿದರೆ ಕಣ್ಣು ಹೋಗುತ್ತದೆಂದು ವೈದ್ಯ ಎಚ್ಚರಿಸಿದ ಬಾಕ್ಸರ್ ಮೌಂಟನ್ ಮೆಕ್‌ಕ್ಲಿಂಟಾಕ್‌ನಿಗೆ ಹೊಡೆದಾಟವಲ್ಲದೆ ಬೇರೆ ಕಸುಬು ಗೊತ್ತಿಲ್ಲ. ಅವನನ್ನು ನಂಬಿ ಸಾಲಕ್ಕೆ ಬಿದ್ದ ಮ್ಯಾನೇಜರ್ ಈಗ ಅವನನ್ನು ಕೋಡಂಗಿಯ ವೇಷದಲ್ಲಿ ನಾಟಕೀಯ ಕುಸ್ತಿಗೆ ಇಳಿಸಲು ಹವಣಿಸುತ್ತಾನೆ. ಬಾಕ್ಸರ್ ಆಗಿ ಜ್ಯಾಕ್ ಪ್ಯಾಲೆನ್ಸ್, ಮ್ಯಾನೇಜರ್ ಆಗಿ ಕೀನನ್ ವಿನ್. ತರಬೇತುದಾರನ ಪಾತ್ರದಲ್ಲಿ ಅವನ ತಂದೆ, ಅದುವರೆಗೆ ಜನರನ್ನು ನಗಿಸುತ್ತಲೇ ಬಂದಿದ್ದ ಎಡ್ ವಿನ್. ಗಂಭೀರ ಪಾತ್ರ ಈ ಹಿರಿಯ ಹಾಸ್ಯನಟನಿಂದ ಆದೀತೇ ಎಂಬ ಅಳುಕು ಪ್ರಸಾರದ ಕ್ಷಣದವರೆಗೂ ಇತ್ತು, ಆತ ಗೆದ್ದ. ಹಣ ಕೊಟ್ಟವರು ಒಬ್ಬ ಮನುಷ್ಯನನ್ನು ಹಿಂಡಿ ಎಸೆಯುವ ಕ್ರಮವನ್ನು ಸರ್ಲಿಂಗ್ ಇಲ್ಲಿಯೂ ಬರೆದಿದ್ದಾನೆ. ಆದರೆ ಕಚೇರಿಯ ತಣ್ಣನೆಯ ಮಾತಿನ ಬದಲು ಇಲ್ಲಿ ತಾನೇ ಉಸಿರಾಡಿದ ಬಾಕ್ಸಿಂಗ್ ಲೋಕದ ಬೆವರು, ನಾಚಿಕೆ, ಸ್ನೇಹ ಇವೆ. ಎರಡನೆಯ ಎಮಿಯ ಜೊತೆ ಪೀಬಡಿ ಪ್ರಶಸ್ತಿಯೂ ಬಂತು. ಬ್ರಿಟನ್ನಿನಲ್ಲಿ ಬಿಬಿಸಿ 1957ರಲ್ಲಿ ಇದನ್ನು ಆಡಿಸಿದಾಗ ಬಾಕ್ಸರ್ ಪಾತ್ರ ವಹಿಸಿದ್ದು ಆಗಿನ್ನೂ ಅಪರಿಚಿತನಾಗಿದ್ದ ಶಾನ್ ಕಾನರಿ.

ಈ ಏಳಿಗೆಯ ದಿನಗಳಲ್ಲೇ ಸರ್ಲಿಂಗ್ ಪ್ರಾಯೋಜಕರೊಂದಿಗೆ ಜಗಳಕ್ಕೆ ಬಿದ್ದ. ಆಗ ಇಡೀ ಕಾರ್ಯಕ್ರಮವನ್ನೇ ಒಂದು ಕಂಪನಿ ಹಣ ಕೊಟ್ಟು ನಡೆಸುತ್ತಿದ್ದುದರಿಂದ ಹಸ್ತಪ್ರತಿಯ ಸಾಲುಸಾಲಿನ ಮೇಲೂ ಅದರ ಜಾಹೀರಾತು ಏಜೆನ್ಸಿಗೆ ಅಧಿಕಾರವಿತ್ತು. ಯಾವ ಗಿರಾಕಿಯ ಮನಸ್ಸೂ ನೋಯಬಾರದು ಎಂಬುದೊಂದೇ ಅವರ ಅಳತೆಗೋಲು. 1956ರ 'ದಿ ಅರೀನಾ' ನಾಟಕದ ಕಥೆ ನಡೆಯುವುದು ಅಮೆರಿಕದ ಸೆನೆಟ್ಟಿನಲ್ಲಿ. ಆದರೆ ಸೆನೆಟರುಗಳು ದೇಶದ ಯಾವ ನಿಜವಾದ ಪ್ರಶ್ನೆಯನ್ನೂ ಎತ್ತುವಂತಿರಲಿಲ್ಲ. ಹುರುಳಿಲ್ಲದ ಕಾಲ್ಪನಿಕ ಮಸೂದೆಗಳ ಮೇಲೆ ಗಂಟಲು ಹರಿದುಕೊಳ್ಳಬೇಕಾಯಿತು.

ಎಲ್ಲಕ್ಕಿಂತ ಆಳವಾದ ಪೆಟ್ಟು ಎಮೆಟ್ ಟಿಲ್ ಪ್ರಕರಣದ್ದು. 1955ರ ಆಗಸ್ಟಿನಲ್ಲಿ ಮಿಸಿಸಿಪ್ಪಿ ರಾಜ್ಯದಲ್ಲಿ 14 ವರ್ಷದ ಈ ಕಪ್ಪು ಹುಡುಗನನ್ನು ಬಿಳಿಯರು ಎಳೆದೊಯ್ದು ಕೊಂದರು. ಬರೀ ಬಿಳಿಯರೇ ಇದ್ದ ನ್ಯಾಯದರ್ಶಿ ಮಂಡಳಿ ಆರೋಪಿಗಳನ್ನು ಬಿಟ್ಟುಬಿಟ್ಟಿತು. ತಮ್ಮವನೆಂಬ ಕಾರಣಕ್ಕೆ ಕೊಲೆಗಾರನನ್ನು ಕಾಯುವ ಊರಿನ ಬಗ್ಗೆ ಸರ್ಲಿಂಗ್ 'ನೂನ್ ಆನ್ ಡೂಮ್ಸ್‌ಡೇ' ಬರೆದ. ಆಕ್ಷೇಪ ಬರದಿರಲೆಂದು ಸತ್ತವನನ್ನು ಮುದುಕ ಯಹೂದಿ ವ್ಯಾಪಾರಿಯನ್ನಾಗಿ ತಾನೇ ಮಾಡಿದ್ದ. ಇದು ಟಿಲ್ ಪ್ರಕರಣವೇ ಎಂಬ ಸುದ್ದಿ ಪತ್ರಿಕೆಯಲ್ಲಿ ಹೊರಬಿದ್ದದ್ದೇ ದಕ್ಷಿಣದ ಬಿಳಿಯರ ಸಂಘಟನೆಗಳು ಬಹಿಷ್ಕಾರದ ಬೆದರಿಕೆ ಹಾಕಿದವು. ಕಥೆಯನ್ನು ಉತ್ತರದ ನ್ಯೂ ಇಂಗ್ಲೆಂಡಿಗೆ ಸಾಗಿಸಲಾಯಿತು. ಸತ್ತವನು ಯಾರೋ ಹೊರಗಿನವನು ಎಂದಷ್ಟೇ ಉಳಿಯಿತು. ದಕ್ಷಿಣದ ನೆನಪು ತಂದೀತೆಂದು ರಂಗಸಜ್ಜಿಕೆಯಿಂದ ಕೋಕ ಕೋಲಾ ಬಾಟಲಿಗಳನ್ನೂ ತೆಗೆದರು. 1956ರ ಏಪ್ರಿಲ್ 25ರಂದು ಪ್ರಸಾರವಾದದ್ದು ಯಾರ ಬಗ್ಗೆಯೂ ಅಲ್ಲದ ನಾಟಕ. ಸರ್ಲಿಂಗ್ ಹಟ ಬಿಡದೆ ಅದೇ ವಸ್ತುವನ್ನು 1958ರಲ್ಲಿ 'ಎ ಟೌನ್ ಹ್ಯಾಸ್ ಟರ್ನ್ಡ್ ಟು ಡಸ್ಟ್' ಎಂದು ಮತ್ತೆ ಬರೆದ. ಮತ್ತೆ ಅದೇ ಪಾಡು: ಕಾಲ ಹತ್ತೊಂಬತ್ತನೆಯ ಶತಮಾನಕ್ಕೆ, ಸ್ಥಳ ನೈಋತ್ಯದ ಮರುಭೂಮಿಗೆ ಸರಿಯಿತು; ಗುಂಪು ಕೊಲ್ಲುವುದು ಒಬ್ಬ ಮೆಕ್ಸಿಕನ್ ತರುಣನನ್ನು. ಜಾನ್ ಫ್ರಾಂಕನ್‌ಹೈಮರ್‌ನ ನಿರ್ದೇಶನದಿಂದ ನಾಟಕಕ್ಕೆ ಬಿಸುಪು ಬಂದಿತಾದರೂ ಮಿಸಿಸಿಪ್ಪಿ ಮಾಯವಾಗಿತ್ತು.

1957ರಲ್ಲಿ ತನ್ನ ನಾಲ್ಕು ನಾಟಕಗಳನ್ನು ಪುಸ್ತಕವಾಗಿ ತಂದಾಗ ಸರ್ಲಿಂಗ್ ಅದರಲ್ಲಿ 'ದಿ ಅರೀನಾ'ದ ಸೋಲನ್ನು ವಿಶ್ಲೇಷಿಸಿದ. ಆ ಕಥೆಯನ್ನು ನೂರು ವರ್ಷ ಮುಂದಿನ ಕಾಲಕ್ಕೆ ಹಾಕಿ ಸೆನೆಟ್ಟಿನ ತುಂಬ ಯಂತ್ರಮಾನವರನ್ನು ಕೂರಿಸಿದ್ದರೆ ಹೇಳಬೇಕಾದುದನ್ನು ಹೇಳಬಹುದಿತ್ತು ಎಂಬುದು ಅಲ್ಲಿನ ಮಾತಿನ ಸಾರ. 'ಟ್ವೈಲೈಟ್ ಝೋನ್' ಶುರುವಾಗುವ ಎರಡು ವರ್ಷ ಮೊದಲೇ ದಾರಿ ಹೊಳೆದಿತ್ತು. ಟಿಲ್ ನಾಟಕಗಳಲ್ಲಿಯೂ ಕಥೆಗೆ ವೇಷ ತೊಡಿಸಲಾಗಿತ್ತಲ್ಲ, ಅವು ಏಕೆ ಸತ್ತವು, ಮುಂದಿನ ಕಥೆಗಳು ಏಕೆ ಬದುಕಿದವು ಎಂದು ಕೇಳಬಹುದು. ಮೊದಲಿನದರಲ್ಲಿ ವೇಷ ತೊಡಿಸಿದವರು ಸತ್ಯಕ್ಕೆ ಹೆದರಿದವರು. ಗುರುತು ಅಳಿಸುವುದೇ ಅವರಿಗೆ ಬೇಕಿತ್ತು. ಎರಡನೆಯದರಲ್ಲಿ ವೇಷ ಆರಿಸಿದವನು ಲೇಖಕ. ನೋಡುವವನು ತನ್ನ ಮುಖವನ್ನು ಅದರಲ್ಲಿ ತಾನೇ ಗುರುತಿಸಬೇಕೆಂಬುದು ಅವನ ಉದ್ದೇಶ.

ಹೊಸ ದಾರಿಯ ಪರೀಕ್ಷೆ ನಡೆದದ್ದು 'ದಿ ಟೈಮ್ ಎಲಿಮೆಂಟ್' ಎಂಬ ನಾಟಕದಲ್ಲಿ. ಪರ್ಲ್ ಹಾರ್ಬರ್ ಮೇಲಿನ ದಾಳಿಯ ಹಿಂದಿನ ದಿನಕ್ಕೆ ಕನಸಿನಲ್ಲಿ ಮರಳಿ ಹೋಗುವ ಮನುಷ್ಯನ ಎಚ್ಚರಿಕೆಯನ್ನು ಯಾರೂ ಕೇಳುವುದಿಲ್ಲ. ಹಸ್ತಪ್ರತಿ ಕೊಂಡ ಸಿಬಿಎಸ್ ಜಾಲ ಅದನ್ನು ಕಪಾಟಿನಲ್ಲಿಟ್ಟಿತ್ತು. 1958ರ ನವೆಂಬರ್ 24ರಂದು 'ಡೆಸಿಲು ಪ್ಲೇಹೌಸ್' ಅದನ್ನು ತೋರಿಸಿದಾಗ ವೀಕ್ಷಕರ ಪತ್ರಗಳು ಪ್ರವಾಹದಂತೆ ಬಂದವು. ಸಿಬಿಎಸ್ ಮನಸ್ಸು ಬದಲಿಸಿ ಸರಣಿಗೆ ಒಪ್ಪಿತು. ಪ್ರಸಾರಕ್ಕೆ ಕೆಲವೇ ದಿನ ಮುಂಚೆ ಪತ್ರಕರ್ತ ಮೈಕ್ ವ್ಯಾಲೇಸ್‌ಗೆ ಕೊಟ್ಟ ಸಂದರ್ಶನದಲ್ಲಿ ಸರ್ಲಿಂಗ್, ಪ್ರಾಯೋಜಕರೊಂದಿಗೆ ಗುದ್ದಾಡಿ ದಣಿದಿದ್ದೇನೆ, ಈ ಸರಣಿಯಲ್ಲಿ ವಿವಾದಕ್ಕೆ ಎಡೆ ಇಲ್ಲ ಎಂಬ ಅರ್ಥದ ಮಾತಾಡಿದ. ಮುಂದೆ ಬರೆದದ್ದನ್ನು ನೋಡಿದರೆ ಆ ಮಾತನ್ನು ಅಕ್ಷರಶಃ ತೆಗೆದುಕೊಳ್ಳಲಾಗದು.

'ದಿ ಟ್ವೈಲೈಟ್ ಝೋನ್' 1959ರ ಅಕ್ಟೋಬರ್ 2ರಂದು ಆರಂಭವಾಗಿ 1964ರ ಜೂನ್‌ವರೆಗೆ ಐದು ಋತುಗಳಲ್ಲಿ 156 ಕಂತು ನಡೆಯಿತು. ಅದರಲ್ಲಿ 92 ಸರ್ಲಿಂಗ್ ಬರೆದವು. ನಿರ್ಮಾಣಕ್ಕಾಗಿ ತನ್ನದೇ ಸಂಸ್ಥೆ ಕಟ್ಟಿ, ಬೇಸಿಗೆ ಕಳೆಯುತ್ತಿದ್ದ ಕಯೂಗ ಸರೋವರದ ಹೆಸರನ್ನು ಅದಕ್ಕಿಟ್ಟ. ಕೈಬೆರಳುಗಳ ವೇಗ ಸಾಲದೆಂದು ಧ್ವನಿಮುದ್ರಣ ಯಂತ್ರಕ್ಕೆ ಪಾತ್ರಗಳ ದನಿಯಲ್ಲೇ ಸಂಭಾಷಣೆ ಹೇಳಿ ಬರೆಸುತ್ತಿದ್ದ. ಕೈಯಲ್ಲಿ ಸಿಗರೇಟು ಆರುತ್ತಿರಲಿಲ್ಲ. ಜೊತೆಗೆ ರಿಚರ್ಡ್ ಮ್ಯಾಥೆಸನ್, ಚಾರ್ಲ್ಸ್ ಬ್ಯೂಮಾಂಟ್‌ರಂಥ ನುರಿತ ಕಥೆಗಾರರಿದ್ದರು. ಭಯದ ಶುದ್ಧ ಕಸುಬಿನಲ್ಲಿ ಅವರು ಸರ್ಲಿಂಗ್‌ಗಿಂತ ಒಂದು ಕೈ ಮೇಲು. ಊರು, ಕಾನೂನು, ಯುದ್ಧದ ಪಾಪಗಳ ಬಗ್ಗೆ ಕೋಪದಿಂದ ಬರೆದವನು ಸರ್ಲಿಂಗ್. ಎರಡನೆಯ ಋತುವಿನಿಂದ ಕಥೆಯ ದೃಶ್ಯದೊಳಗೇ ಕರಿಯ ಸೂಟಿನಲ್ಲಿ ಬಂದು ನಿಂತು, ನಾಟಕದ ಸೂತ್ರಧಾರನ ಹಾಗೆ ಪಾತ್ರಗಳನ್ನು ಪರಿಚಯಿಸತೊಡಗಿದ. ಬರೆದವನ ಮುಖ ಮನೆಮನೆಗೂ ಗೊತ್ತಾಯಿತು.

1960ರ ಮಾರ್ಚ್ 4ರ 'ದಿ ಮಾನ್‌ಸ್ಟರ್ಸ್ ಆರ್ ಡ್ಯೂ ಆನ್ ಮೇಪಲ್ ಸ್ಟ್ರೀಟ್' ಕಂತಿನಲ್ಲಿ ನೆಮ್ಮದಿಯ ಬಡಾವಣೆಯೊಂದರಲ್ಲಿ ವಿದ್ಯುತ್ ಹೋಗುತ್ತದೆ. ತಮ್ಮಲ್ಲೊಬ್ಬರು ಅನ್ಯಗ್ರಹದವರಿರಬೇಕು ಎಂಬ ಹುಡುಗನೊಬ್ಬನ ಮಾತು ಬೀದಿಗೆಲ್ಲ ಅಂಟುತ್ತದೆ. ರಾತ್ರಿ ನಿದ್ದೆ ಬಾರದೆ ಆಕಾಶ ನೋಡುವುದು, ಕಾರು ತಾನಾಗಿ ಚಾಲೂ ಆಗುವುದು, ಹೀಗೆ ಒಬ್ಬೊಬ್ಬರ ಸಣ್ಣ ವಿಚಿತ್ರವೂ ಸಾಕ್ಷ್ಯವಾಗುತ್ತದೆ. ಗುಂಡು ಹಾರಿ ನೆರೆಯವನೊಬ್ಬ ಸಾಯುತ್ತಾನೆ. ಅನ್ಯಗ್ರಹದವರು ನಿಜಕ್ಕೂ ಇದ್ದಾರೆ, ಗುಡ್ಡದ ಮೇಲೆ ಕುಳಿತು ದೀಪ ಆರಿಸಿ ಹತ್ತಿಸುವುದಷ್ಟೇ ಅವರ ಕೆಲಸ. ಸೆನೆಟರ್ ಮೆಕಾರ್ಥಿಯ ಕಾಲದಲ್ಲಿ ನೆರೆಹೊರೆಯವರನ್ನು ಕಮ್ಯುನಿಸ್ಟರೆಂದು ಬೆರಳು ತೋರಿದ್ದ ದೇಶಕ್ಕೆ ಇದು ಯಾರ ಕಥೆ ಎಂದು ಬಿಡಿಸಿ ಹೇಳಬೇಕಿರಲಿಲ್ಲ. ಅದೇ ವರ್ಷದ 'ಐ ಆಫ್ ದಿ ಬಿಹೋಲ್ಡರ್' ಕಂತಿನಲ್ಲಿ ಮುಖಕ್ಕೆ ಪಟ್ಟಿ ಸುತ್ತಿದ ಹೆಣ್ಣು ಎಲ್ಲರಂತಾಗಲು ಹಂಬಲಿಸುತ್ತಾಳೆ; ಎಲ್ಲರೂ ಒಂದೇ ತೆರ ಇರಬೇಕೆಂದು ಆಳುವವನು ಪರದೆಯ ಮೇಲೆ ಅರಚುತ್ತಾನೆ. ಪಟ್ಟಿ ಬಿಚ್ಚುವವರೆಗೆ ಯಾವ ವೈದ್ಯನ ಮುಖವೂ ಕಾಣದಂತೆ ನೆರಳಲ್ಲಿ ಚಿತ್ರಿಸಿದ ನಿರ್ದೇಶಕ ಡಗ್ಲಸ್ ಹೇಯ್ಸ್‌ನ ಪಾಲು ಇದರಲ್ಲಿ ದೊಡ್ಡದು.

ಯುದ್ಧದ ಕಂತುಗಳನ್ನು ವಿಮರ್ಶಕರು ಕಡಿಮೆ ನೆನೆಯುತ್ತಾರೆ. ಆದರೆ ಸರ್ಲಿಂಗ್‌ನ ಎದೆ ಇರುವುದು ಅಲ್ಲಿ. 'ದಿ ಪರ್ಪಲ್ ಟೆಸ್ಟಮೆಂಟ್' (1960) ಕಥೆಯ ಲೆಫ್ಟಿನೆಂಟ್‌ಗೆ, ಮರುದಿನ ಸಾಯುವ ಸೈನಿಕರ ಮುಖದ ಮೇಲೆ ವಿಚಿತ್ರ ಬೆಳಕು ಕಾಣುತ್ತದೆ. ಸ್ಥಳ 1945ರ ಫಿಲಿಪ್ಪೀನ್ಸ್. 'ಎ ಕ್ವಾಲಿಟಿ ಆಫ್ ಮರ್ಸಿ' (1961) ಕಂತಿನಲ್ಲಿ ಗಾಯಾಳು ಜಪಾನೀಯರನ್ನು ಮುಗಿಸಲು ತವಕಿಸುವ ಅಮೆರಿಕನ್ ಅಧಿಕಾರಿ ಕಣ್ಣುಮುಚ್ಚಿ ತೆರೆಯುವುದರಲ್ಲಿ ಜಪಾನೀಯನಾಗಿ, ಗಾಯಾಳು ಅಮೆರಿಕನ್ನರ ಎದುರು ನಿಂತಿರುತ್ತಾನೆ. ಜಪಾನೀಯರ ವಿರುದ್ಧ ಹೋರಾಡಿ ಗಾಯಗೊಂಡವನೇ ಬರೆದ ಕಥೆ ಇದು. ಜೆರೂಸಲೇಮಿನಲ್ಲಿ ನಾಜಿ ಯುದ್ಧಾಪರಾಧಿ ಐಕ್‌ಮನ್ ವಿಚಾರಣೆ ನಡೆದ 1961ರಲ್ಲೇ ಬಂದ 'ಡೆತ್ಸ್-ಹೆಡ್ ರೀವಿಸಿಟೆಡ್' ಕಂತಿನಲ್ಲಿ, ಹಳೆಯ ದಿನಗಳನ್ನು ಸವಿಯಲು ಡಾಕೌ ಯಾತನಾ ಶಿಬಿರಕ್ಕೆ ಮರಳಿದ ನಾಜಿ ಅಧಿಕಾರಿಯನ್ನು ಸತ್ತವರು ವಿಚಾರಿಸುತ್ತಾರೆ. 1964ರ ಮಾರ್ಚಿನ 'ಐ ಆಮ್ ದಿ ನೈಟ್, ಕಲರ್ ಮಿ ಬ್ಲ್ಯಾಕ್' ಇನ್ನೂ ಮುಂದೆ ಹೋಗುತ್ತದೆ. ದ್ವೇಷಕ್ಕೆ ಹೆಸರಾದವನನ್ನು ಕೊಂದವನೊಬ್ಬನನ್ನು ಗಲ್ಲಿಗೇರಿಸುವ ಬೆಳಗ್ಗೆ ಆ ಊರಿಗೆ ಸೂರ್ಯ ಹುಟ್ಟುವುದಿಲ್ಲ. ಕತ್ತಲು ಹಬ್ಬುತ್ತಿರುವ ಬೇರೆ ಜಾಗಗಳನ್ನು ರೇಡಿಯೋ ಹೇಳುತ್ತಾ ಹೋಗುತ್ತದೆ: ಅವುಗಳಲ್ಲಿ ಅಲಬಾಮದ ಬರ್ಮಿಂಗ್‌ಹ್ಯಾಮ್ ಇದೆ, ಅಧ್ಯಕ್ಷ ಕೆನಡಿಯ ಕೊಲೆಯಾದ ಡ್ಯಾಲಸ್ಸಿನ ಬೀದಿ ಇದೆ. ಎಂಟು ವರ್ಷ ಹಿಂದೆ ಕೋಕ ಕೋಲಾ ಬಾಟಲಿಯನ್ನೂ ಇಡಗೊಡದ ಟೆಲಿವಿಷನ್ನಿನಲ್ಲಿ ದಕ್ಷಿಣದ ಊರಿನ ಹೆಸರನ್ನು ಈತ ಹೇಳಿಸಿಯೇಬಿಟ್ಟಿದ್ದ.

ದೋಷಗಳು ಇಲ್ಲದಿಲ್ಲ. ವಾರವಾರವೂ ಬರೆಯಬೇಕಾದ ಒತ್ತಡದಲ್ಲಿ ಪಾತ್ರಗಳು ಮಾತಾಡುವುದನ್ನು ಬಿಟ್ಟು ಭಾಷಣ ಮಾಡುತ್ತವೆ. ಹಾಸ್ಯದ ಕಂತುಗಳು ಬಹುಪಾಲು ಸೋತಿವೆ. ಹೆಣ್ಣು ಪಾತ್ರಗಳಿಗೆ ಗಂಡು ಪಾತ್ರಗಳ ಒಳಗುದಿ ದೊರೆತದ್ದು ಅಪರೂಪ. ನಾಲ್ಕನೆಯ ಋತುವಿನಲ್ಲಿ ಅರ್ಧ ಗಂಟೆಯ ಕಂತನ್ನು ಒಂದು ಗಂಟೆಗೆ ಹಿಗ್ಗಿಸಿದಾಗ ಕಥೆಗಳು ತೆಳುವಾದವು. ಇವುಗಳ ನಡುವೆಯೂ 'ವಾಕಿಂಗ್ ಡಿಸ್ಟನ್ಸ್' (1959) ತರಹದ್ದು ಸಿಗುತ್ತದೆ. ದಣಿದ ಜಾಹೀರಾತು ಅಧಿಕಾರಿಯೊಬ್ಬ ನಡೆದುಕೊಂಡು ತನ್ನೂರಿಗೆ ಹೋದರೆ ಅಲ್ಲಿ ತನ್ನ ಬಾಲ್ಯವೇ ಆಡುತ್ತಿರುತ್ತದೆ, ಸತ್ತ ತಂದೆತಾಯಿ ಬದುಕಿರುತ್ತಾರೆ. ಬಿಂಗಮ್ಟನ್ನಿನ ರಾಟವಾಳ, ರಜೆ ಸಿಗದೆ ನೋಡಲಾಗದೆ ಹೋದ ತಂದೆ, ಎರಡೂ ಇದರ ಹಿಂದಿವೆ. ಬರ್ನಾರ್ಡ್ ಹರ್ಮನ್‌ನ ಸಂಗೀತವೂ ಸೇರಿ ಇದು ಇಡೀ ಸರಣಿಯ ಅತಿ ಕೋಮಲ ಕಂತಾಗಿದೆ.

ಸರಣಿ ನಿಂತ ಮೇಲೆ ಸರ್ಲಿಂಗ್ ತನ್ನ ಹಕ್ಕನ್ನು ಸಿಬಿಎಸ್‌ಗೆ ಮಾರಿದ. ಮರುಪ್ರಸಾರದಿಂದ ಬಂದ ಭಾರಿ ಲಾಭ ಲೇಖಕನ ಮನೆಗೆ ಬರಲಿಲ್ಲ. ಚಿತ್ರಕಥೆಗಳಲ್ಲಿ ಫ್ರಾಂಕನ್‌ಹೈಮರ್‌ನ 'ಸೆವೆನ್ ಡೇಸ್ ಇನ್ ಮೇ' (1964) ಗಟ್ಟಿಯಾದದ್ದು; ಅಮೆರಿಕದಲ್ಲಿ ಸೈನ್ಯ ದಂಗೆಯೇಳುವ ಕಥೆ. 'ಪ್ಲಾನೆಟ್ ಆಫ್ ದಿ ಏಪ್ಸ್' (1968) ಚಿತ್ರದ ಮೊದಲ ಕರಡುಗಳು ಈತನವು. ಮೈಕೆಲ್ ವಿಲ್ಸನ್ ಅವನ್ನು ತಿದ್ದಿ ಬರೆದ. 1966ರ 'ದಿ ಡೂಮ್ಸ್‌ಡೇ ಫ್ಲೈಟ್' ಎಂಬ ಟಿವಿ ಚಿತ್ರ ಮಾತ್ರ ಈತನಿಗೆ ಉರುಳಾಯಿತು. ವಿಮಾನ ಇಂತಿಷ್ಟು ಎತ್ತರಕ್ಕಿಂತ ಕೆಳಗಿಳಿದರೆ ಸಿಡಿಯುವ ಬಾಂಬಿನ ಕಥೆ ಅದು. ಪ್ರಸಾರವಾಗುತ್ತಿದ್ದಂತೆ ವಿಮಾನ ಸಂಸ್ಥೆಗಳಿಗೆ ಹುಸಿ ಬೆದರಿಕೆ ಕರೆಗಳು ಬಂದವು. 1971ರಲ್ಲಿ ಕ್ವಾಂಟಸ್ ಸಂಸ್ಥೆಯಿಂದ ಇದೇ ಉಪಾಯದಿಂದ ದೊಡ್ಡ ಮೊತ್ತ ಸುಲಿಗೆಯಾಯಿತು. ಅದನ್ನು ಬರೆಯಬಾರದಿತ್ತೆಂದು ಸರ್ಲಿಂಗ್ ಬಹಿರಂಗವಾಗಿ ಮರುಗಿದ.

ಎನ್‌ಬಿಸಿ ಜಾಲದ 'ನೈಟ್ ಗ್ಯಾಲರಿ' (1970-73) ಹೆಸರಿಗೆ ಈತನದು. 1969ರ ಅದರ ಆರಂಭ ಚಿತ್ರದ ಒಂದು ಭಾಗವನ್ನು ಇಪ್ಪತ್ತೆರಡರ ಸ್ಟೀವನ್ ಸ್ಪೀಲ್‌ಬರ್ಗ್ ನಿರ್ದೇಶಿಸಿದ. ಆದರೆ ಕಥೆಗಳ ಆಯ್ಕೆಯ ಮೇಲೆ ಸರ್ಲಿಂಗ್‌ಗೆ ಹಿಡಿತವಿರಲಿಲ್ಲ. ಬರೆದುಕೊಟ್ಟದ್ದು ಹಿಂತಿರುಗಿ ಬರುತ್ತಿತ್ತು, ಮುಖ ಮಾತ್ರ ಅವರಿಗೆ ಬೇಕಾಗಿತ್ತು. ಈ ಸರಣಿಗೂ 'ದೆ ಆರ್ ಟೇರಿಂಗ್ ಡೌನ್ ಟಿಮ್ ರೈಲೀಸ್ ಬಾರ್' (1971) ಎಂಬ ಅಪೂರ್ವ ಕಂತು ಕೊಟ್ಟ. ಇಪ್ಪತ್ತೈದು ವರ್ಷ ದುಡಿದ ಕಂಪನಿಗೆ ಬೇಡವಾದ ನೌಕರನ ಈ ಕಥೆಯಲ್ಲಿ 'ಪ್ಯಾಟರ್ನ್ಸ್'ನ ಮುದುಕ ಕಥಾನಾಯಕನಾಗಿ ಮರಳಿದ್ದಾನೆ.

ಕೊನೆಯ ವರ್ಷಗಳಲ್ಲಿ ಕಯೂಗ ಸರೋವರದ ಬಳಿಯ ಇಥಾಕ ಕಾಲೇಜಿನಲ್ಲಿ ಬರವಣಿಗೆ ಕಲಿಸಿದ. ಜಾಹೀರಾತುಗಳಿಗೆ ದನಿ ಕೊಟ್ಟದ್ದನ್ನು ಹಳಿದವರಿದ್ದಾರೆ. ಅದೇ ಮನುಷ್ಯ 1968ರಲ್ಲಿ ಕ್ಯಾಲಿಫೋರ್ನಿಯದ ಮೂರ್‌ಪಾರ್ಕ್ ಕಾಲೇಜಿನಲ್ಲಿ ಮಾತಾಡಲು ಹೋದಾಗ, ಸಂಭಾವನೆ ಪಡೆಯಲು ಕಡ್ಡಾಯವಾಗಿದ್ದ ನಿಷ್ಠೆಯ ಪ್ರತಿಜ್ಞೆಗೆ ಸಹಿ ಹಾಕಲು ಒಲ್ಲದೆ, ಹಣ ಬಿಟ್ಟು ಭಾಷಣ ಮಾಡಿ ಬಂದ. ವಿಯಟ್ನಾಂ ಯುದ್ಧವನ್ನು ವಿರೋಧಿಸಿದ. 1975ರ ಮೇ ತಿಂಗಳಲ್ಲಿ ಹೃದಯಾಘಾತವಾಗಿ, ರಾಚೆಸ್ಟರ್ ನಗರದಲ್ಲಿ ಹೃದಯ ಶಸ್ತ್ರಚಿಕಿತ್ಸೆಯ ಬಳಿಕ ಜೂನ್ 28ರಂದು ನಿಧನನಾದ. ಆಗ ವಯಸ್ಸು 50.

'ಟ್ವೈಲೈಟ್ ಝೋನ್' ಹೆಸರಿನಲ್ಲಿ 1985, 2002, 2019ರಲ್ಲಿ ಹೊಸ ಸರಣಿಗಳು ಬಂದಿವೆ. ಅಮೆರಿಕದ ಲೇಖಕರ ಸಂಘ 2013ರಲ್ಲಿ ಪ್ರಕಟಿಸಿದ ಅತ್ಯುತ್ತಮ ಬರವಣಿಗೆಯ ಟೆಲಿವಿಷನ್ ಸರಣಿಗಳ ಪಟ್ಟಿಯಲ್ಲಿ ಮೂಲ ಸರಣಿಗೆ ಮೂರನೆಯ ಸ್ಥಾನವಿದೆ. ಹಸ್ತಪ್ರತಿಗಳ ಒಂದು ದೊಡ್ಡ ಸಂಗ್ರಹ ಇಥಾಕ ಕಾಲೇಜಿನಲ್ಲಿದೆ. 'ಪ್ಯಾಟರ್ನ್ಸ್', 'ರೆಕ್ವಿಯಮ್' ನಾಟಕಗಳ ನೇರಪ್ರಸಾರಗಳು, ಪರದೆಯಿಂದ ಫಿಲ್ಮಿಗೆ ಇಳಿಸಿಕೊಂಡ ಮಸುಕಾದ ಪ್ರತಿಗಳಾಗಿ ಉಳಿದುಬಂದಿವೆ. ಟೆಲಿವಿಷನ್ನಿಗೆ ಬರೆಯಲು ಕಲಿಯುವವರು ಅವುಗಳಿಂದಲೂ, ಸೋತ ನಾಟಕದ ಲೆಕ್ಕವನ್ನು ಲೇಖಕನೇ ಬಿಡಿಸಿಟ್ಟಿರುವ 1957ರ ಆ ಪುಸ್ತಕದಿಂದಲೂ ಸರ್ಲಿಂಗ್‌ನನ್ನು ಓದಲು ತೊಡಗುವುದು ಮೇಲು; ಯಂತ್ರಮಾನವರ ಕಥೆಗಳು ಎಲ್ಲಿಂದ ಬಂದವೆಂದು ಆಗ ತಾನಾಗಿ ತಿಳಿಯುತ್ತದೆ.